ತಮ್ಮನ ಹೆಸರು ಹೊತ್ತವನು

ಸತ್ತು ಇಪ್ಪತ್ತೊಂಬತ್ತು ವರ್ಷವಾಗಿದ್ದ ತಮ್ಮನ ಹೆಸರು ಧ್ವನಿವರ್ಧಕದಲ್ಲಿ ಕೇಳಿಬಂದಾಗ ಬೆಲ್ಕಿಸ್ ಕರಿದ ಬಾಳೆಕಾಯಿ ತಿನ್ನುತ್ತಿದ್ದಳು.

"ಈಗ ನಿಮ್ಮ ಮುಂದೆ... ಹದಿಮೂರು ವರ್ಷ ಆಡಿ, ಮೂರು ವರ್ಷದಿಂದ ನಮ್ಮ ಹುಡುಗರಿಗೆ ಆಟ ಕಲಿಸುತ್ತಿರುವ ನಮ್ಮ ಪ್ರೀತಿಯ ಶಾರ್ಟ್‌ಸ್ಟಾಪ್, ನಮ್ಮ ಮಿಡತೆ! ಕೊನ್ಸುಯೇಲೋದ ಕಬ್ಬಿನ ತೋಟದಲ್ಲಿ ಹುಟ್ಟಿದ, ತೊರಿಬಿಯೋ ಮನ್ಯೋನರ ಮಗ... ಎಲಾದಿಯೋ ಮನ್ಯೋನ್ ಫ್ರಿಯಾಸ್!"

ಕ್ರೀಡಾಂಗಣ ಎದ್ದು ನಿಂತಿತು. ಡೋಲು, ಸೀಟಿ, ಕಹಳೆ.

ಬೆಲ್ಕಿಸ್‌ಳ ಕೈಯಲ್ಲಿದ್ದ ಕಾಗದದ ಪೊಟ್ಟಣ ಜಾರಿ ಕೆಳಗೆ ಬಿತ್ತು.

"ಏನಾಯ್ತೇ? ಮುಖ ಯಾಕೆ ಸುಣ್ಣ ಬಳಿದಂಗಾಯ್ತು?" ಪಕ್ಕದಲ್ಲಿದ್ದ ಸಿಯೋಮಾರಾ ಗಾಬರಿಯಾದಳು. ಹೊಸ ಶಾಲೆಯಲ್ಲಿ ಬೆಲ್ಕಿಸ್‌ಗೆ ಸಿಕ್ಕಿದ್ದ ಮೊದಲ ಗೆಳತಿ ಅವಳು. ಭಾನುವಾರದ ಬೇಸ್‌ಬಾಲ್ ಆಟ ತೋರಿಸುತ್ತೇನೆ ಬಾ ಎಂದು ಎಳೆದು ತಂದವಳೂ ಅವಳೇ.

"ಅದು... ಅದು ನನ್ನ ತಮ್ಮನ ಹೆಸರು."

"ಹೌದಾ! ಮಿಡತೆ ನಿನ್ನ ತಮ್ಮನಾ? ಹೇಳಲೇ ಇಲ್ವಲ್ಲೇ ಕಳ್ಳಿ!"

"ನನ್ನ ತಮ್ಮ ನಾಲ್ಕು ವರ್ಷಕ್ಕೇ ಸತ್ತುಹೋದ, ಸಿಯೋಮಾರಾ."

ಮೈದಾನದ ಮಧ್ಯೆ ಎತ್ತರದ, ತೆಳ್ಳನೆಯ ಗಂಡಸೊಬ್ಬ ಟೋಪಿ ತೆಗೆದು ಜನರಿಗೆ ಕೈ ಬೀಸುತ್ತಿದ್ದ. ಎಡಗಾಲು ತುಸು ಎಳೆಯುತ್ತಿದ್ದ. ಬೆಲ್ಕಿಸ್ ಅವನನ್ನು ಈ ಮೊದಲು ಎಂದೂ ನೋಡಿರಲಿಲ್ಲ. ಎಲಾದಿಯೋ ಜ್ವರದಲ್ಲಿ ತೀರಿಕೊಂಡ ವರ್ಷವೇ ಅಮ್ಮ ಅಪ್ಪನನ್ನು ಬಿಟ್ಟು ಬೆಲ್ಕಿಸ್‌ಳನ್ನು ದೂರದ ಸಾಂತಿಯಾಗೋಗೆ ಕರೆದುಕೊಂಡು ಹೋಗಿದ್ದಳು. ಈಗ ಅಮ್ಮನಿಲ್ಲ. ಅಪ್ಪನಿಗೆ ಕಣ್ಣು ಮಂಜಾಗಿದೆ ಎಂದು ಕೇಳಿ ಅವಳು ಶಿಕ್ಷಕಿ ಕೆಲಸ ವರ್ಗ ಮಾಡಿಸಿಕೊಂಡು ಈ ಕಡೆ ಬಂದು ಮೂರೇ ದಿನ ಆಗಿತ್ತು.

'ಯಾರಿವನು? ನನ್ನ ಎಲಾದಿಯೋನ ಹೆಸರನ್ನ ಎಲ್ಲಿಂದ ಕದ್ದ?'

ಯೋಚಿಸುವ ಮೊದಲೇ ಕಾಲುಗಳು ಮೆಟ್ಟಿಲು ಇಳಿಯುತ್ತಿದ್ದವು. ಕಂಬಿಯ ಹತ್ತಿರ ಹಸ್ತಾಕ್ಷರಕ್ಕೆ ಜನ ಮುತ್ತಿಕೊಂಡಿದ್ದರು. ಅವಳು ನುಗ್ಗಿ ಮುಂದೆ ನಿಂತಳು.

"ಯಾರ ಹೆಸರಿಗೆ ಬರೆಯಲಿ, ಮೇಡಂ?" ಅವನು ತಲೆ ಎತ್ತದೆ ಕೇಳಿದ.

"ಮೊದಲು ನಿಮ್ಮ ಹೆಸರು ಹೇಳಿ."

ಅವನು ನಕ್ಕ. "ಈಗ ತಾನೇ ಕೂಗಿದ್ರಲ್ಲ. ಎಲಾದಿಯೋ."

"ಎಲಾದಿಯೋ ಸತ್ತು ಇಪ್ಪತ್ತೊಂಬತ್ತು ವರ್ಷ ಆಯ್ತು." ಅವಳ ದನಿ ಅವನೊಬ್ಬನಿಗೆ ಮಾತ್ರ ಕೇಳುವಷ್ಟಿತ್ತು. "ಅವನ ಬಾಯಿಗೆ ಕೊನೇ ಗುಟುಕು ನೀರು ಹಾಕಿದವಳು ನಾನು."

ಪೆನ್ನು ಚೆಂಡಿನ ಮೇಲೆಯೇ ನಿಂತಿತು. ಅವನು ನಿಧಾನವಾಗಿ ತಲೆ ಎತ್ತಿದ. ಮುಖದಲ್ಲಿ ರಕ್ತವೇ ಇರಲಿಲ್ಲ.

"ಬೆಲ್ಕಿಸ್...?"

ಅವಳು ಸಿಡಿಲು ಬಡಿದವಳಂತೆ ನಿಂತಳು. ಕಳ್ಳನನ್ನು ಹಿಡಿಯಲು ಬಂದವಳ ಹೆಸರು ಕಳ್ಳನಿಗೆ ಗೊತ್ತಿತ್ತು!

"ನನ್ನ ಹೆಸರು ನಿಮಗೆ ಹೇಗೆ..."

"ನಿಮ್ಮಪ್ಪ ಪ್ರತಿ ಗುರುವಾರ ನಿಮ್ಮ ಮಾತೇ ಆಡ್ತಾರೆ." ಅವನು ಇನ್ನೇನೋ ಹೇಳಲು ಬಾಯಿ ತೆರೆದ. ಅಷ್ಟರಲ್ಲಿ ಯಾರೋ ಅವನ ಹೆಗಲಿಗೆ ಕೈ ಹಾಕಿ ವೇದಿಕೆಯ ಕಡೆ ಎಳೆದುಕೊಂಡು ಹೋದರು.

* * *

ಅಪ್ಪ ಮನೆಯ ಮುಂದಿನ ಬೆಂಚಿನ ಮೇಲೆ ಕೂತು ಡಾಮಿನೋ ಬಿಲ್ಲೆಗಳ ಚುಕ್ಕಿಗಳನ್ನು ಬೆರಳಲ್ಲಿ ಮುಟ್ಟಿ ಎಣಿಸುತ್ತಿದ್ದ.

"ಅಪ್ಪಾ, ಮಿಡತೆ ಅಂದ್ರೆ ಯಾರು?"

ತೊರಿಬಿಯೋನ ಬೆರಳು ನಿಂತಿತು. "ಅಲ್ಲಿಗೆ ಹೋಗಿದ್ದೆಯಾ?"

"ಎಲಾದಿಯೋನ ಜನನ ಪತ್ರ ಅವನ ಕೈಗೆ ಹೇಗೆ ಹೋಯ್ತು? ಮಾರಿದೆಯಾ?"

"ಮಾರೋಕೆ ಅದೇನು ಹಂದಿಯಾ? ಕೊಟ್ಟೆ. ನಾನೇ ಕೊಟ್ಟೆ."

ಬೆಲ್ಕಿಸ್ ಗೋಡೆ ಹಿಡಿದು ಕೂತಳು.

ಹದಿನಾರು ವರ್ಷದ ಹಿಂದೆ ಒಬ್ಬ ದಲ್ಲಾಳಿ ಮನೆಗೆ ಬಂದಿದ್ದನಂತೆ, ಅಮೆರಿಕದ ತಂಡಗಳಿಗೆ ಆಟಗಾರರನ್ನು ಹುಡುಕಿಕೊಡುವವನು. ಜೊತೆಗೊಬ್ಬ ಹುಡುಗ. ಒಳ್ಳೆ ಆಟ, ಆದರೆ ವಯಸ್ಸು ಇಪ್ಪತ್ತು.

"ಅಮೆರಿಕದವರಿಗೆ ಹದಿನಾರು ಹದಿನೇಳರ ಹುಡುಗರು ಬೇಕು ಕಣಮ್ಮ. ಇಪ್ಪತ್ತು ಅಂದ್ರೆ ಅವರ ಲೆಕ್ಕಕ್ಕೆ ಮುದುಕ. ನಾನು ಎಲಾದಿಯೋನ ಸಾವನ್ನ ಯಾವ ಕಚೇರಿಯಲ್ಲೂ ಬರೆಸಿರಲಿಲ್ಲ. ಬರೆಸೋಕೆ ಮನಸ್ಸು ಬರಲಿಲ್ಲ. ಅದು ಹೇಗೋ ಆ ದಲ್ಲಾಳಿಗೆ ಗೊತ್ತಾಗಿತ್ತು. ಕತ್ತಿ ಹಿಡ್ಕೊಂಡೇ ಎದ್ದೆ, ಇಬ್ಬರನ್ನೂ ಓಡಿಸೋಣ ಅಂತ."

"ಮತ್ತೆ?"

"ಆ ಹುಡುಗ ಅಂಗಳದಲ್ಲಿ ಚೆಂಡು ಗೋಡೆಗೆ ಎಸೀತಾ ನಿಂತಿದ್ದ. ಕಲ್ಲುಮುಳ್ಳಿನ ನೆಲ, ಚೆಂಡು ಎತ್ತ ಪುಟಿದ್ರೂ ಅವನು ಅದಕ್ಕಿಂತ ಮೊದಲೇ ಅಲ್ಲಿರ್ತಿದ್ದ. ನೋಡ್ತಾ ನೋಡ್ತಾ ಅನ್ನಿಸ್ತು... ನಮ್ಮ ಎಲಾದಿಯೋ ಮಣ್ಣಲ್ಲಿ ಮಲಗಿದ್ದಾನೆ, ಅವನ ಹೆಸರಾದ್ರೂ ಓಡಲಿ."

"ನಿನಗೆ ಹುಚ್ಚು ಹಿಡಿದಿದೆ!" ಅವಳು ಕೂಗಿಕೊಂಡಳು. "ಅವನನ್ನೇ ನಿಜವಾದ ಮಗ ಅಂದ್ಕೊಂಡುಬಿಟ್ಟಿದ್ದೀಯಾ?"

ಮುದುಕ ತನ್ನ ಎರಡೂ ಕೈಗಳನ್ನು ಮುಂದೆ ಚಾಚಿದ. ಕಬ್ಬು ಕಡಿದು ಕಡಿದು ಬೆರಳುಗಳು ನೆಟ್ಟಗಾಗದ ಕೈಗಳು.

"ಗುಂಡಿ ತೋಡಿದ್ದು ಈ ಕೈಗಳು, ಬೆಲ್ಕಿಸ್. ಕಣ್ಣು ಹೋಗಿದೆ, ನೆನಪು ಹೋಗಿಲ್ಲ. ಯಾರನ್ನ ಹೂತೆ ಅನ್ನೋದನ್ನ ಮರೆಯೋನು ಅಪ್ಪನಾ?"

ಅವಳು ಎದ್ದು ಒಳಗೆ ಹೋದಳು.

ಆದರೆ ಕೋಪ ಆರಲಿಲ್ಲ. ಮರುದಿನ ಸೋಮವಾರ ಶಾಲೆಗೆ ರಜೆ ಹಾಕಿ ವಕೀಲರೊಬ್ಬರ ಹತ್ತಿರ ಹೋದಳು. ಎಲಾದಿಯೋ ತೀರಿಕೊಂಡಿದ್ದನ್ನು ಕಂಡಿದ್ದ ಇಬ್ಬರು ಮುದುಕಿಯರು ಸಾಕ್ಷಿ ಹಾಕಿದರು. ಅವನ ಸಾವನ್ನು ಸರ್ಕಾರದ ಪುಸ್ತಕದಲ್ಲಿ ಬರೆಸಬೇಕು ಎಂದು ನ್ಯಾಯಾಲಯಕ್ಕೆ ಅರ್ಜಿ ಸಲ್ಲಿಸಿದಳು.

"ಎರಡು ಮೂರು ತಿಂಗಳಾಗುತ್ತೆ," ಎಂದರು ವಕೀಲರು.

"ಪರವಾಗಿಲ್ಲ. ನನ್ನ ತಮ್ಮ ಇಷ್ಟು ವರ್ಷ ಕಾದಿದ್ದಾನೆ."

* * *

ಗುರುವಾರ ಅವನು ಬಂದೇ ಬಂದ. ಕೈಯಲ್ಲಿ ಎರಡು ಮೀನು, ಕಂಕುಳಲ್ಲಿ ಕ್ಷೌರದ ಡಬ್ಬ.

"ಹೊಸಿಲು ದಾಟಬೇಡಿ!" ಬೆಲ್ಕಿಸ್ ಬಾಗಿಲಿಗೆ ಅಡ್ಡ ನಿಂತಳು. "ಸತ್ತ ಮಗುವಿನ ಹೆಸರು ಕದ್ದು ಹೊಟ್ಟೆ ಹೊರ್ಕೊಂಡಿದ್ದೀರಲ್ಲ, ನಾಚಿಕೆ ಆಗಲ್ವಾ?"

"ಆಗುತ್ತೆ."

"ಏನಂದ್ರಿ?"

"ದಿನಾ ಆಗುತ್ತೆ." ಅವನು ಮೀನನ್ನು ನಿಧಾನವಾಗಿ ಬೆಂಚಿನ ಮೇಲಿಟ್ಟ. "ಬೈಯೋ ಹಕ್ಕು ನಿಮಗಿದೆ. ಮನಸಾರೆ ಬೈದುಬಿಡಿ. ಮುಗಿದ ಮೇಲೆ ಹೇಳಿ, ನಿಮ್ಮಪ್ಪನ ಉಗುರು ಕತ್ತರಿಸಬೇಕು. ಅವರ ಕಾಲುಗುರಿಗೆ ಬೇರೆ ಯಾರಾದರೂ ಕತ್ತರಿ ಹಾಕಿದ್ರೆ ಒದೀತಾರೆ."

"ಯಾರು ಬಂದಿದ್ದು? ಮಿಡತೆನಾ?" ಒಳಗಿಂದ ಅಪ್ಪನ ದನಿ. "ಬಾರೋ! ಗಡ್ಡ ಕೆರೀತಿದೆ!"

ಬೆಲ್ಕಿಸ್ ಪಕ್ಕಕ್ಕೆ ಸರಿದಳು. ಯಾಕೆ ಸರಿದಳೋ ಅವಳಿಗೇ ಗೊತ್ತಾಗಲಿಲ್ಲ.

ಅವನು ಅಪ್ಪನ ಗಲ್ಲಕ್ಕೆ ನೊರೆ ಹಚ್ಚಿದ. ಎಡಗೈಯಿಂದ ಮುಖವನ್ನು ಗಾಜಿನ ಪಾತ್ರೆಯಂತೆ ಹಿಡಿದು ಕ್ಷೌರ ಮಾಡಿದ. ಅಪ್ಪ ಕಣ್ಣು ಮುಚ್ಚಿ ಹಿಂದಿನ ರಾತ್ರಿಯ ಪಂದ್ಯದ ಬಗ್ಗೆ ಜಗಳ ಆಡುತ್ತಿದ್ದ. ಬೆಲ್ಕಿಸ್ ಅಡುಗೆಮನೆಯ ಬಾಗಿಲಲ್ಲಿ ನಿಂತು ನೋಡುತ್ತಲೇ ಇದ್ದಳು. ತಾನು ಇಷ್ಟು ವರ್ಷ ಮಾಡದ ಕೆಲಸವನ್ನು ಈ ಕಳ್ಳ ಮಾಡುತ್ತಿದ್ದಾನೆ!

ಹೊರಡುವಾಗ ಅವಳು ಕೇಳಿದಳು. "ನಿಮ್ಮ ನಿಜವಾದ ಹೆಸರೇನು?"

ಅವನು ಬಾಯಿ ತೆರೆದ. ದನಿ ಬರಲಿಲ್ಲ. ಗಂಟಲು ಸರಿಮಾಡಿಕೊಂಡು ಮತ್ತೆ ಪ್ರಯತ್ನಿಸಿದ.

"ರಾ... ರಾದಾಮೆಸ್. ರಾದಾಮೆಸ್ ತವೇರಾಸ್." ಹೇಳಿದ ಮೇಲೆ ತಾನೇ ಬೆಚ್ಚಿದವನಂತೆ ರಸ್ತೆಯ ಕಡೆ ನೋಡಿದ. "ಕ್ಷಮಿಸಿ. ಹದಿನಾರು ವರ್ಷದಿಂದ ಜೋರಾಗಿ ಹೇಳಿರಲಿಲ್ಲ."

ಅವನ ಕಣ್ಣಲ್ಲಿ ನೀರಿತ್ತು. ಬೆಲ್ಕಿಸ್ ಆ ದಿನ ಪೂರ್ತಿ ಆ ಕಣ್ಣುಗಳನ್ನು ಮರೆಯಲು ಒದ್ದಾಡಿದಳು.

* * *

ಗುರುವಾರಗಳು ಬಂದವು, ಹೋದವು. 'ನೀವು' 'ನೀನು' ಆಯಿತು. ಬೆಲ್ಕಿಸ್ ಬಾಳೆಕಾಯಿ ಬೇಯಿಸಿ ಹಿಸುಕಿ, ಮೇಲೆ ಕೆಂಪು ಈರುಳ್ಳಿ ಹಾಕಿ ಮಂಗೂ ಮಾಡಿದರೆ ಅವನು ತಟ್ಟೆ ಬಳಿದು ತಿನ್ನುತ್ತಿದ್ದ. ತಿನ್ನುತ್ತಾ ತನ್ನ ಬದುಕನ್ನು ಚೂರು ಚೂರಾಗಿ ಹೇಳುತ್ತಿದ್ದ.

ಅಮೆರಿಕದ ಸಣ್ಣ ಊರುಗಳು, ಮುಗಿಯದ ಬಸ್ ಪ್ರಯಾಣ, ಏಪ್ರಿಲ್‌ನಲ್ಲೂ ಬೆರಳು ಮರಗಟ್ಟುವ ಚಳಿ. ಎರಡನೇ ಬೇಸ್, ಮೂರನೇ ಬೇಸ್‌ಗಳ ನಡುವೆ ಶಾರ್ಟ್‌ಸ್ಟಾಪ್ ನಿಲ್ಲುವ ಆ ತುಂಡು ನೆಲವೇ ಅವನ ಮನೆ. ಯಾವ ಊರಿಗೆ ಹೋದರೂ ಮೊದಲು ಬಗ್ಗಿ ಆ ಮಣ್ಣನ್ನು ಮುಟ್ಟಿ ನೋಡುತ್ತಿದ್ದನಂತೆ, ಚೆಂಡು ಎಷ್ಟು ಪುಟಿಯುತ್ತದೆ ಎಂದು ತಿಳಿಯಲು.

"ಮದುವೆ ಯಾಕಾಗಲಿಲ್ಲ?" ಒಂದು ದಿನ ಅವಳು ಕೇಳಿಯೇಬಿಟ್ಟಳು.

"ನನ್ನದಲ್ಲದ ಹೆಸರನ್ನ ಇನ್ನೊಬ್ಬಳಿಗೆ ಹೇಗೆ ಕೊಡಲಿ?" ಅವನು ತಟ್ಟೆ ನೋಡುತ್ತಾ ಹೇಳಿದ. "ಅಷ್ಟೇ ಅಲ್ಲ ಬೆಲ್ಕಿಸ್... ನಾನು ಅಲ್ಲಿದ್ದಾಗ ನನ್ನಮ್ಮ ಹೋದ್ಳು. ಫೋನ್ ಬಂತು. ರಜೆ ಕೇಳೋಕೆ ಮ್ಯಾನೇಜರ್ ಹತ್ರ ಓಡಿದೆ. ಅವರು ಒಳ್ಳೆಯವರು, ತಕ್ಷಣ ಕೊಡ್ತೀನಿ ಅಂದ್ರು, ಅಮ್ಮನ ಮರಣ ಪತ್ರ ತರಿಸು ಅಂದ್ರು. ನನ್ನ ಕಾಗದದಲ್ಲಿ ಅಮ್ಮನ ಹೆಸರು ನಿಮ್ಮಮ್ಮನದು. ಅವರಿನ್ನೂ ಬದುಕಿದ್ರು."

"ಅಯ್ಯೋ... ಏನ್ ಮಾಡಿದೆ?"

"'ತಪ್ಪು ಸುದ್ದಿಯಂತೆ, ಅಮ್ಮ ಚೆನ್ನಾಗಿದ್ದಾಳೆ' ಅಂದೆ. ಅವರು ಖುಷಿಯಾಗಿ ಬೆನ್ನು ತಟ್ಟಿದ್ರು. ಅವತ್ತು ಸಂಜೆ ಆಡಿದೆ. ಮೂರು ಚೆಂಡು ಹಾರಿ ಹಿಡಿದೆ. ಜನ ಎದ್ದು ನಿಂತು ಚಪ್ಪಾಳೆ ಹೊಡೆದ್ರು."

ಬೆಲ್ಕಿಸ್ ಕೈಯಲ್ಲಿದ್ದ ಸೌಟು ಕೆಳಗಿಟ್ಟಳು. ಕದ್ದವನಿಗೆ ಶಿಕ್ಷೆಯಾಗಲಿ ಎಂದು ಅವಳು ದೇವರಿಗೆ ಬೇಡಿಕೊಂಡಿದ್ದಳು. ಶಿಕ್ಷೆ ಎಂದೋ ಆಗಿಹೋಗಿತ್ತು! ಅವಳ ಕೈ ತಾನಾಗಿ ಅವನ ಕೈಯ ಮೇಲೆ ಹೋಗಿ ಕೂತಿತು. ಇಬ್ಬರೂ ತೆಗೆಯಲಿಲ್ಲ.

ಡಿಸೆಂಬರ್‌ನಲ್ಲಿ ಅಪ್ಪ ಹಟ ಹಿಡಿದ, ತರಬೇತಿ ಮೈದಾನಕ್ಕೆ ಕರೆದುಕೊಂಡು ಹೋಗು ಎಂದು. ಬೆಲ್ಕಿಸ್ ಅವನ ಪಕ್ಕ ನೆರಳಲ್ಲಿ ಕೂತು ಕಂಡದ್ದನ್ನೆಲ್ಲ ಹೇಳುತ್ತಿದ್ದಳು.

"ಸುಮ್ನಿರು, ನನಗೆ ಕೇಳುತ್ತೆ," ಅಪ್ಪ ಗದರಿದ. "ಇದು ಅಂಗೈಗೆ ಬಿದ್ದ ಚೆಂಡು. ಇದು ಬೆರಳಿಗೆ... ಛೇ, ನೋವಾಗಿರುತ್ತೆ ಪಾಪ."

ರಾದಾಮೆಸ್ ಕುಂಟುಗಾಲಲ್ಲೇ ಮೊಣಕಾಲು ಬಗ್ಗಿಸಿ ತೋರಿಸುತ್ತಿದ್ದ. "ಚೆಂಡು ಬರಲಿ ಅಂತ ಕಾಯಬೇಡ್ರೋ! ಅದೇನು ನಿಮ್ಮ ಅತ್ತೆ ಮಗಳಾ, ಅಲಂಕಾರ ಮಾಡ್ಕೊಂಡು ಬರೋಕೆ? ನೀವೇ ಹೋಗಿ ಕರ್ಕೊಂಡು ಬನ್ನಿ!"

ಒಬ್ಬ ಹುಡುಗ ಸುಲಭದ ಚೆಂಡನ್ನು ಕಾಲ ಸಂದಿಯಲ್ಲಿ ಬಿಟ್ಟು, ಗ್ಲೌಸ್ ನೆಲಕ್ಕೆ ಬಡಿದು ಅಳತೊಡಗಿದ. ರಾದಾಮೆಸ್ ಅವನ ಪಕ್ಕ ಮಣ್ಣಲ್ಲೇ ಕೂತ.

"ದೊಡ್ಡ ತಂಡದಲ್ಲಿ ನಾನು ಎಷ್ಟು ದಿನ ಇದ್ದೆ ಗೊತ್ತಾ? ಹದಿನಾಲ್ಕು ದಿನ. ಹದಿಮೂರನೇ ದಿನ ಇಂಥದ್ದೇ ಚೆಂಡನ್ನ ಬಿಟ್ಟೆ, ನಲವತ್ತು ಸಾವಿರ ಜನರ ಮುಂದೆ. ಹದಿನಾಲ್ಕನೇ ದಿನ ಕೆಳಗಿನ ತಂಡಕ್ಕೆ ಅಟ್ಟಿದ್ರು. ನೋಡು ನನ್ನ, ಸತ್ತಿದ್ದೀನಾ? ಏಳು. ಮುಂದಿನ ಚೆಂಡಿಗೆ ಹಿಂದಿನದ್ದು ಗೊತ್ತಿರಲ್ಲ."

ಹುಡುಗ ಮೂಗು ಒರೆಸಿಕೊಂಡು ಎದ್ದ.

'ದೇವರೇ... ನಾನು ಇವನನ್ನ ಪ್ರೀತಿಸ್ತಿದ್ದೀನಿ!'

ತನ್ನ ಎದೆಯಿಂದಲೇ ಬಂದ ಮಾತಿಗೆ ಬೆಲ್ಕಿಸ್ ದಂಗಾದಳು. ಮೂವತ್ತಾರು ವರ್ಷ, ಮುರಿದ ಒಂದು ನಿಶ್ಚಿತಾರ್ಥ, ಇನ್ನು ಈ ಜನ್ಮಕ್ಕೆ ಸಾಕು ಎಂದುಕೊಂಡಿದ್ದ ಹೃದಯ... ಅದು ಹೀಗೆ ಮೋಸ ಮಾಡಬಹುದೇ!

ಶಾಲೆಯಲ್ಲಿ ಸಿಯೋಮಾರಾ ಅವಳ ಮುಖ ನೋಡಿದ್ದೇ ಎಲ್ಲವನ್ನೂ ಓದಿಬಿಟ್ಟಳು. ನಗಲಿಲ್ಲ.

"ಕಾಗದ ನೋಡಿದ್ದೀಯೇನೇ ಹುಚ್ಚಿ? ಅಪ್ಪ ತೊರಿಬಿಯೋ, ಅಮ್ಮ ನಿನ್ನಮ್ಮ. ಸರ್ಕಾರದ ಲೆಕ್ಕದಲ್ಲಿ ಅವನು ನಿನ್ನ ಒಡಹುಟ್ಟಿದ ತಮ್ಮ! ಯಾವ ಪಾದ್ರಿ, ಯಾವ ಅಧಿಕಾರಿ ಮದುವೆ ಮಾಡಿಸ್ತಾನೆ?"

ಬೆಲ್ಕಿಸ್‌ಗೆ ಇಷ್ಟು ದಿನ... ಒಮ್ಮೆಯೂ... ಇದು ಹೊಳೆದಿರಲಿಲ್ಲ.

* * *

ಜನವರಿಯ ಮೊದಲ ಗುರುವಾರ ರಾದಾಮೆಸ್ ಕುಂಟುತ್ತಲೇ ಓಡಿ ಬಂದ.

"ಕರೆದಿದ್ದಾರೆ! ದೊಡ್ಡ ತಂಡಕ್ಕೆ! ಒಳಮೈದಾನದ ಕೋಚ್ ಆಗಿ! ಫೆಬ್ರವರಿಗೆ ಹೊರಡಬೇಕು!"

ಅಪ್ಪ ಎದ್ದು ತಡಕಾಡಿ ಅವನನ್ನು ತಬ್ಬಿಕೊಂಡು ಅತ್ತ. ಹದಿನಾಲ್ಕು ದಿನಕ್ಕೆ ಹೊರಗಟ್ಟಿದ್ದ ಅದೇ ಮೈದಾನ ಈಗ ಅವನನ್ನು ಕೈಮಾಡಿ ಕರೆಯುತ್ತಿತ್ತು.

ಬೆಲ್ಕಿಸ್ ನಗಲು ಪ್ರಯತ್ನಿಸಿದಳು. ಅವನು ಅವಳ ಹಿಂದೆ ಅಡುಗೆಮನೆಗೆ ಬಂದ.

"ನೀನೂ ಬಾ. ನಿನ್ನ ಬಿಟ್ಟು ಹೋಗೋಕೆ ನನ್ನ ಕೈಲಾಗಲ್ಲ, ಬೆಲ್ಕಿಸ್. ನಾನು ನಿನ್ನ..."

"ಏನಾಗಿ ಬರಲಿ?"

"ಅಂದ್ರೆ?"

"ಏನಾಗಿ ಬರಲಿ ಅಂದೆ. ನಿನ್ನ ಅಕ್ಕನಾಗಿ ಬರಲಾ, ಎಲಾದಿಯೋ?"

ಆ ಹೆಸರಿನಿಂದ ಅವಳು ಅವನನ್ನು ಎಂದೂ ಕರೆದಿರಲಿಲ್ಲ. ಅವನು ಕೆನ್ನೆಗೆ ಏಟು ಬಿದ್ದವನಂತೆ ಹಿಂದೆ ಸರಿದ. ಟೋಪಿ ತೆಗೆದುಕೊಂಡು ಹೊರಟುಹೋದ.

'ಹೋಗಲಿ. ಹೆಸರನ್ನೇ ಆರಿಸಿಕೊಂಡ. ನಾನು ಯಾರು ತಡೆಯೋಕೆ?'

ಮುಂದಿನ ಗುರುವಾರ ಅವನು ಬರಲಿಲ್ಲ. ಅಪ್ಪ ಸಂಜೆವರೆಗೂ ಗಡ್ಡ ಸವರಿಕೊಳ್ಳುತ್ತಾ ಬೆಂಚಿನ ಮೇಲೆ ಕಾದ.

ಅದರ ಮರುವಾರ, ಹದಿನೇಳನೇ ತಾರೀಕು, ಗುರುವಾರ. ತರಗತಿಯ ಮಧ್ಯೆ ಫೋನ್ ಬಂತು.

"ಶುಭ ಸುದ್ದಿ ಮೇಡಂ," ವಕೀಲರ ದನಿ. "ತೀರ್ಪು ಬಂತು. ನಿಮ್ಮ ತಮ್ಮನ ಸಾವು ಇವತ್ತು ದಾಖಲಾಯ್ತು. ಪ್ರತಿ ರಾಜಧಾನಿಗೂ ಹೋಗಿದೆ."

ಅರ್ಜಿ! ನವೆಂಬರ್‌ನ ಅರ್ಜಿ! ಅವಳು ಅದನ್ನು ಮರೆತೇ ಬಿಟ್ಟಿದ್ದಳು!

"ಬೇಡ... ವಾಪಸ್ ತಗೊಳ್ಳಿ! ದಯವಿಟ್ಟು! ಈಗಲೇ ವಾಪಸ್ ತಗೊಳ್ಳಿ!"

"ಏನು ಮಾತಾಡ್ತಿದ್ದೀರಿ? ಸತ್ತವನನ್ನ ವಾಪಸ್ ಬದುಕಿಸೋಕಾಗುತ್ತಾ ಮೇಡಂ?"

ಸೀಮೆಸುಣ್ಣ ಕೈಯಲ್ಲೇ ಪುಡಿಯಾಯಿತು. ಬೆಲ್ಕಿಸ್ ರಸ್ತೆಗೆ ಓಡಿದಳು. ಸಿಕ್ಕ ಬೈಕ್ ಟ್ಯಾಕ್ಸಿ ಹತ್ತಿ ತರಬೇತಿ ಮೈದಾನಕ್ಕೆ ಹೋದಳು. ಮೈದಾನ ಖಾಲಿ. ಗೇಟಿನ ಕಾವಲುಗಾರ ಅವಳ ಮುಖ ನೋಡಲಿಲ್ಲ.

"ಅವರಿಲ್ಲಮ್ಮ. ಇನ್ಮೇಲೆ ಬರೋದೂ ಇಲ್ಲ."

ಎದುರಿನ ಕಿರಾಣಿ ಅಂಗಡಿಯಲ್ಲಿ ರೇಡಿಯೋ ಕಿರುಚುತ್ತಿತ್ತು.

"ಆಘಾತ! ಆಘಾತ! ಮಿಡತೆ ಮಿಡತೆಯೇ ಅಲ್ಲ! ಹದಿನಾರು ವರ್ಷ ಸತ್ತ ಮಗುವಿನ ಹೆಸರಲ್ಲಿ ಆಡಿದ ಆಟಗಾರ! ದೊಡ್ಡ ತಂಡದ ಕೆಲಸ ರದ್ದು! ಅಮೆರಿಕದ ವೀಸಾ ಜೀವನಪೂರ್ತಿ ರದ್ದು!"

ಅಂಗಡಿ ಮುಂದೆ ಬಿಯರ್ ಹಿಡಿದು ನಿಂತವರು ಹೊಟ್ಟೆ ಹಿಡಿದು ನಗುತ್ತಿದ್ದರು.

"ಸ್ವರ್ಗದಲ್ಲೂ ಬೇಸ್‌ಬಾಲ್ ಆಡ್ತಾರೆ ಅಂತ ಇವತ್ತು ಗೊತ್ತಾಯ್ತು ನೋಡ್ರಪ್ಪಾ!"

"ಅದಕ್ಕೇ ಚೆಂಡು ಬಿಟ್ಟ! ದೆವ್ವದ ಕಾಲ ಸಂದಿ ಅಲ್ವಾ!"

ಬೆಲ್ಕಿಸ್ ಅಂಗಡಿಯ ಕಂಬ ಹಿಡಿದುಕೊಂಡಳು. ಅವಳ ಒಂದು ಸಹಿ. ಒಂದೇ ಒಂದು ಸಹಿ. ಅದು ಅವನನ್ನು ಕೊಂದುಬಿಟ್ಟಿತ್ತು!

* * *

"ಅವರಮ್ಮನ ಊರಿಗೆ ಹೋಗಿರ್ತಾನೆ," ಎಂದ ಅಪ್ಪ. ಎರಡು ದಿನದಿಂದ ಅವನೂ ಊಟ ಮಾಡಿರಲಿಲ್ಲ. "ಆತೋ ಮಯೋರ್‌ನ ಆಚೆ, ದನದ ಸಂತೆ ದಾಟಿದ ಮೇಲೆ. ಹೋಗು. ನಿನ್ನ ಬೈದ್ರೆ ಬೈಸ್ಕೋ."

"ಉಗುಳಿದ್ರೆ?"

"ಒರೆಸ್ಕೋ. ಹೋಗು."

ಶನಿವಾರ ಬೆಳಗ್ಗೆ ಸಿಯೋಮಾರಾ ಅವಳನ್ನು ಬಸ್ ಹತ್ತಿಸಿದಳು. ದಾರಿಯುದ್ದಕ್ಕೂ ಬೆಲ್ಕಿಸ್ ಹೇಳಬೇಕಾದ ಮಾತುಗಳನ್ನು ಜೋಡಿಸಿದಳು, ಕೆಡವಿದಳು, ಮತ್ತೆ ಜೋಡಿಸಿದಳು.

ಊರ ಕೊನೆಯಲ್ಲಿ ಹಳೇ ಉಗ್ರಾಣವೊಂದರ ಗೋಡೆಗೆ ಚೆಂಡು ಬಡಿಯುವ ಸದ್ದು ಕೇಳಿಸಿತು. ಧಪ್... ಧಪ್... ಧಪ್...

ರಾದಾಮೆಸ್ ಒಬ್ಬನೇ ಇದ್ದ. ಬರಿಗಾಲು. ಎರಡು ದಿನದ ಗಡ್ಡ. ಅವಳನ್ನು ಕಂಡದ್ದೇ ಪುಟಿದು ಬಂದ ಚೆಂಡು ಅವನ ಪಕ್ಕದಿಂದ ಹಾದು ಹುಲ್ಲಿನೊಳಗೆ ಉರುಳಿಹೋಯಿತು.

"ಬೆಲ್ಕಿಸ್!"

"ಹತ್ರ ಬರಬೇಡ!" ಅವಳು ಕೈ ಅಡ್ಡ ಹಿಡಿದಳು. ಜೋಡಿಸಿದ ಮಾತೆಲ್ಲ ಚೆದುರಿಹೋಗಿತ್ತು. "ಮೊದಲು ಕೇಳು. ನಾನೇ... ನಿನ್ನ ಬದುಕು ಹಾಳು ಮಾಡಿದವಳು ನಾನೇ! ನಿನ್ನ ನೋಡಿದ ಮರುದಿನವೇ ನ್ಯಾಯಾಲಯಕ್ಕೆ ಹೋಗಿದ್ದೆ. ಎಲಾದಿಯೋ ಸತ್ತಿದ್ದಾನೆ ಅಂತ ಬರೆಸೋಕೆ. ಆಮೇಲೆ ಮರೆತುಬಿಟ್ಟೆ... ನಿನ್ನ ನೋಡ್ತಾ ನೋಡ್ತಾ ಮರೆತೇಬಿಟ್ಟೆ. ಗುರುವಾರ ತೀರ್ಪು ಬಂತು. ಅದರಿಂದಲೇ ಎಲ್ಲಾ..."

ಅವಳು ಬಿಕ್ಕಿ ಬಿಕ್ಕಿ ಅತ್ತಳು.

"ನೀನು... ಅರ್ಜಿ ಹಾಕಿದ್ದೆಯಾ? ನವೆಂಬರ್‌ನಲ್ಲೇ?"

"ಹೌದು."

"ಮಂಗೂ ಬಡಿಸ್ತಾ ಇದ್ದಾಗಲೆಲ್ಲ ಆ ಅರ್ಜಿ ಅಲ್ಲಿ..."

"ಹೌದು! ಹೊಡಿ ನನ್ನ! ಬೈಯಿ! ಏನಾದ್ರೂ ಮಾಡು!"

ಅವನು ಉಗ್ರಾಣದ ಮೆಟ್ಟಿಲ ಮೇಲೆ ಕುಸಿದು ಕೂತ.

"ತೀರ್ಪು ಯಾವತ್ತು ಬಂತು ಅಂದೆ?"

"ಗುರುವಾರ. ಹದಿನೇಳಕ್ಕೆ."

"ನಾನು ಸೋಮವಾರವೇ ಹೋಗಿದ್ದೆ, ಬೆಲ್ಕಿಸ್. ಹದಿನಾಲ್ಕಕ್ಕೆ."

"ಎಲ್ಲಿಗೆ?"

"ಮೊದಲು ತಂಡದ ಕಚೇರಿಗೆ. ಆಮೇಲೆ ವೀಸಾ ಕೊಡೋರ ಹತ್ರ. ಇದು ನನ್ನ ಹೆಸರಲ್ಲ, ಇದು ನನ್ನ ವಯಸ್ಸಲ್ಲ ಅಂತ ನಾನೇ ಬರೆದು ಸಹಿ ಹಾಕಿದೆ. ರೇಡಿಯೋದವರಿಗೆ ಗೊತ್ತಾಗೋಕೆ ಮೂರು ದಿನ ಬೇಕಾಯ್ತು ಅಷ್ಟೇ."

ಬೆಲ್ಕಿಸ್‌ಳ ಅಳು ಥಟ್ಟನೆ ನಿಂತಿತು. ಕಿವಿಗಳನ್ನು ನಂಬಲಾಗಲಿಲ್ಲ.

"ನೀನೇ... ನೀನಾಗಿಯೇ...? ಯಾಕೆ? ಜೀವನಪೂರ್ತಿ ಕಾದಿದ್ದ ಕೆಲಸ ಅದು!"

"ಏನಾಗಿ ಬರಲಿ ಅಂತ ನೀನು ಕೇಳಿದೆ. ನನ್ನ ಹತ್ರ ಉತ್ತರ ಇರಲಿಲ್ಲ." ಅವನು ಕೈಗೆ ಅಂಟಿದ ಮಣ್ಣು ಒರೆಸಿಕೊಂಡ. "ಆ ಹೆಸರಿಗೋಸ್ಕರ ಅಮ್ಮನ ಹೆಣಕ್ಕೆ ಹೆಗಲು ಕೊಡಲಿಲ್ಲ. ಈಗ ಪ್ರೀತಿಸೋ ಹೆಣ್ಣನ್ನ ಅಕ್ಕ ಅಂತ ಬಿಟ್ಟು ವಿಮಾನ ಹತ್ತೋದಾ? ಸಾಕು ಅನ್ನಿಸ್ತು."

"ನನಗೊಂದು ಮಾತು ಹೇಳಬಾರದಿತ್ತಾ?"

"ಹೇಳಿದ್ರೆ ತಡೀತಿದ್ದೆ."

ತಡೆಯುತ್ತಿದ್ದಳು. ನಿಜ.

"ಅಪ್ಪನಿಗೆ ಏನಾದ್ರೂ ತೊಂದರೆ...?" ಅವಳು ಹೆದರುತ್ತಾ ಕೇಳಿದಳು.

"ಅವರ ಹೆಸರೇ ಎತ್ತಲಿಲ್ಲ. ಆ ದಲ್ಲಾಳಿ ಸತ್ತು ಆರು ವರ್ಷ ಆಯ್ತು, ಎಲ್ಲಾ ಅವನ ತಲೆಗೆ ಕಟ್ಟಿದೆ." ತುಟಿಯ ಅಂಚಲ್ಲಿ ಮೊದಲ ಸಲ ನಗು ಕಂಡಿತು. "ಸತ್ತವರು ನನಗೆ ಬಹಳ ಉಪಕಾರ ಮಾಡಿದ್ದಾರೆ."

ಬೆಲ್ಕಿಸ್ ಅಳುತ್ತಲೇ ನಕ್ಕಳು. ಹೋಗಿ ಅವನ ಪಕ್ಕ ಮೆಟ್ಟಿಲ ಮೇಲೆ ಕೂತಳು.

"ನನ್ನ ಮೇಲೆ ಕೋಪ ಇಲ್ವಾ? ಆ ಅರ್ಜಿಗೆ?"

ಅವನು ಯೋಚಿಸಿದ. ಸುಳ್ಳು ಹೇಳಲಿಲ್ಲ. "ಇದೆ. ಈಗ ತಾನೇ ಗೊತ್ತಾಯ್ತಲ್ಲ, ಸ್ವಲ್ಪ ಹೊತ್ತು ಇರುತ್ತೆ. ಆದ್ರೆ ಆ ಮಗುವಿಗೆ ತನ್ನ ಸಾವು ಸಿಗಬೇಕಿತ್ತು, ಬೆಲ್ಕಿಸ್. ಅದನ್ನೂ ನಾನು ಕದ್ದಿದ್ದೆ. ನೀನು ಕೊಡಿಸಿದೆ."

ಅವಳು ಅವನ ಹೆಗಲಿಗೆ ತಲೆಯಿಟ್ಟಳು. ಅವನ ಅಂಗಿ ಬೆವರಿಂದ ಒದ್ದೆಯಾಗಿತ್ತು.

"ಈಗ ನಿನಗೆ ಎಷ್ಟು ವಯಸ್ಸು?" ಎಂದಳು.

"ಭಾನುವಾರದವರೆಗೂ ಮೂವತ್ಮೂರು. ಸೋಮವಾರದಿಂದ ಮೂವತ್ತಾರು."

"ಒಂದೇ ದಿನಕ್ಕೆ ಮೂರು ವರ್ಷ ಮುದುಕನಾದೆಯಾ!"

"ಕೆಲಸ ಇಲ್ಲ, ವೀಸಾ ಇಲ್ಲ, ಮೊಣಕಾಲಿಲ್ಲ. ಕೋರ್ಟಿಗೆ ಅಲೆಯೋದು ಬಾಕಿ ಇದೆ. ರಸ್ತೆಗೆ ಹೋದ್ರೆ ಜನ ದೆವ್ವ ಅಂತಾರೆ. ಈ ಊರಿನ ಶಾಲೆಯವರು ಬಂದು ಮಕ್ಕಳಿಗೆ ಆಟ ಕಲಿಸ್ತೀಯಾ ಅಂತ ಕೇಳಿದ್ದಾರೆ, ಅಷ್ಟೇ. ನನ್ನ ಹತ್ರ ಇರೋದು ಇಷ್ಟೇ, ಬೆಲ್ಕಿಸ್." ಅವನು ಅವಳ ಕಡೆ ತಿರುಗಿದ. "ಮದುವೆ ಆಗ್ತೀಯಾ ನನ್ನ?"

ಈ ಸಲ ಅವಳು ಬೆಚ್ಚಲಿಲ್ಲ.

"ಬೆಳಗ್ಗೆಯಿಂದ ಏನೂ ತಿಂದಿಲ್ಲ, ರಾದಾಮೆಸ್. ಹಸಿವಾಗ್ತಿದೆ."

"ಮನೇಲಿ ಬೇಯಿಸಿದ ಮರಗೆಣಸು ಮಾತ್ರ ಇದೆ."

"ಸಾಕು."

"ನಾಳೆನೂ ಅದೇ ಇರುತ್ತೆ."

"ನಾಳೆನೂ ಸಾಕು," ಎಂದು ಅವಳು ಎದ್ದು, ಅವನನ್ನು ಎಬ್ಬಿಸಲು ಕೈ ಚಾಚಿದಳು.